ಗಂಡ-ಹೆಂಡತಿ ನಡುವೆ ನನ್ನನ್ನು ನಾನು ನೋಡಿಕೊಳ್ಳೋದು ಹೇಗೆ? ಪದೇ ಪದೇ ಕೇಳುವ ಪ್ರಶ್ನೆಗಳು

ಧಾರವಾಡದಲ್ಲಿ ಹನ್ನೊಂದು ವರ್ಷದಿಂದ ಆಪ್ತ ಸಮಾಲೋಚನೆ ಮಾಡುತ್ತಿದ್ದೇನೆ. ಹುಬ್ಬಳ್ಳಿ, ಗದಗ, ಹಾವೇರಿ, ನವಲಗುಂದ ಕಡೆಯಿಂದ ಜೋಡಿಗಳು ಬರುತ್ತಾರೆ. ಮೊದಲ ದಿನ ಹೆಚ್ಚಿನವರು ಮಾತಾಡುವುದು ಎದುರಿನವರ ಬಗ್ಗೆ. ಎರಡನೇ ಸಲವೋ ಮೂರನೇ ಸಲವೋ ಬಂದಾಗ ಕೆಲವರು ದನಿ ತಗ್ಗಿಸಿ ಕೇಳುತ್ತಾರೆ, "ಮೇಡಂ, ಇದರಾಗ ನಂದೂ ಏನರ ತಪ್ಪು ಇರಬಹುದೇನ್ರಿ?" ಆ ಪ್ರಶ್ನೆ ಕೇಳಿದವರು ಆಮೇಲೆ ಏನೇನು ಕೇಳಿದರು, ನಾನು ಏನು ಹೇಳಿದೆ ಅನ್ನೋದನ್ನು ಇಲ್ಲಿ ಬರೆದಿದ್ದೇನೆ. ಯಾರದೂ ಗುರುತು ಸಿಗದ ಹಾಗೆ ವಿವರ ಬದಲಿಸಿದ್ದೇನೆ. ನನ್ನ ಮನೆಯ ಕಥೆ ಮಾತ್ರ ಇದ್ದ ಹಾಗೇ ಇದೆ.

ನನ್ನನ್ನು ನಾನು ಪರೀಕ್ಷೆ ಮಾಡಿಕೊಳ್ಳೋದು ಅಂದ್ರೆ ನನ್ನ ತಪ್ಪು ಒಪ್ಪಿಕೊಳ್ಳೋದಾ?

ಅಲ್ಲ. ತಪ್ಪು ಇದೆಯೋ ಇಲ್ಲವೋ ಆಮೇಲಿನ ಮಾತು. ಮೊದಲು ಆಗಿದ್ದೇನು ಅಂತ ನೋಡಬೇಕು. ನಾನು ಏನು ಅಂದೆ, ಏನು ಮಾಡಿದೆ, ಏನು ಮುಚ್ಚಿಟ್ಟೆ.

ಇಲ್ಲಿ ಬಹಳ ಜನ ಒಂದೇ ಕಡೆ ಎಡವುತ್ತಾರೆ. "ನಾನು ಸಿಟ್ಟಿನ ಮನುಷ್ಯ", "ನಂದು ಮೊದಲಿಂದಲೂ ಹಿಂಗೇ", "ನಾನೇ ಕೆಟ್ಟವಳು ಬಿಡ್ರಿ" ಅನ್ನುತ್ತಾರೆ. ಕೇಳಿದರೆ ಪಾಪ, ಎಷ್ಟು ಪ್ರಾಮಾಣಿಕರು ಅನ್ನಿಸುತ್ತದೆ. ನನಗಂತೂ ಇದು ತಪ್ಪಿಸಿಕೊಳ್ಳುವ ದಾರಿ ಅಂತಲೇ ಕಾಣುತ್ತದೆ. ನಾನು ಸಿಟ್ಟಿನ ಮನುಷ್ಯ ಅಂದುಬಿಟ್ಟರೆ ಮುಂದೆ ಮಾಡಲು ಏನೂ ಉಳಿಯುವುದಿಲ್ಲ. ಅದೇ "ಸೋಮವಾರ ರಾತ್ರಿ ಮಗಳ ಎದುರಿಗೆ ಇವಳ ತವರಿನವರನ್ನು ಬೈದೆ" ಅಂದರೆ, ಮಂಗಳವಾರ ಮಾಡಬೇಕಾದ ಕೆಲಸ ಒಂದು ಸಿಗುತ್ತದೆ. ಅದಕ್ಕೇ ನಾನು ಎಲ್ಲರಿಗೂ ಹೇಳುತ್ತೇನೆ: ನೀವು ಎಂಥವರು ಅಂತ ಹುಡುಕಲು ಹೋಗಬೇಡಿ, ಏನು ಮಾಡಿದಿರಿ ಅಂತ ನೋಡಿ. ವಾರ ಗೊತ್ತಿರಲಿ, ಹೊತ್ತು ಗೊತ್ತಿರಲಿ, ಆಡಿದ ಮಾತು ಆಡಿದ ಹಾಗೇ ಇರಲಿ.

ಎಲ್ಲಿಂದ ಶುರು ಮಾಡಬೇಕು?

ಒಂದು ಇನ್ನೂರು ಪುಟದ ನೋಟ್‌ಬುಕ್ ತಗೊಳ್ಳಿ. ರಾತ್ರಿ ಹತ್ತು ನಿಮಿಷ ಸಾಕು. ಮೂರು ಸಾಲು ಬರೆಯಿರಿ. ಇವತ್ತು ನಮ್ಮಿಬ್ಬರ ನಡುವೆ ಏನಾಯಿತು. ಅದರಲ್ಲಿ ನಾನು ಏನು ಮಾಡಿದೆ. ಆ ಹೊತ್ತಿಗೆ ನನ್ನೊಳಗೆ ಏನಾಗುತ್ತಿತ್ತು.

ಮೂರನೇ ಸಾಲು ಕಷ್ಟ. ಮೊದಲ ವಾರ ಎಲ್ಲರೂ ಅಲ್ಲಿ "ಸಿಟ್ಟು ಬಂತು" ಅಂತಲೇ ಬರೆಯುತ್ತಾರೆ. ಸಿಟ್ಟಿನ ಕೆಳಗೆ ಇನ್ನೇನೋ ಇರುತ್ತದೆ. ಹೆದರಿಕೆ ಇರಬಹುದು, ಅವಮಾನ ಇರಬಹುದು, ಹೊಟ್ಟೆಕಿಚ್ಚು ಇರಬಹುದು. ಒಮ್ಮೊಮ್ಮೆ ಬರೀ ಹಸಿವು ಮತ್ತು ಸುಸ್ತು.

ಹಾವೇರಿ ಕಡೆಯ ಒಬ್ಬರು, ಬ್ಯಾಡಗಿಯಲ್ಲಿ ಮೆಣಸಿನಕಾಯಿ ವ್ಯಾಪಾರ ಮಾಡುವವರು, ಮೂರು ದಿನ ಬರೆದದ್ದು ಒಂದೇ: "ರೊಟ್ಟಿ ಆರಿತ್ತು. ಕೂಗಾಡಿದೆ. ಸಿಟ್ಟು." ನಾಲ್ಕನೇ ದಿನ ಅದೇ ಮೂರು ಸಾಲಿನ ಕೆಳಗೆ ಇನ್ನೊಂದು ಸಾಲು ಬಂತು. "ರೇಟ್ ಬಿತ್ತು. ರೊಕ್ಕ ಹೋತು. ಆಕಿಗೆ ಹೇಳಿಲ್ಲ." ಅದನ್ನು ನನಗೆ ಓದಿ ಹೇಳುವಾಗ ಅವರ ಕೈ ನಡುಗುತ್ತಿತ್ತು. ಪಕ್ಕದಲ್ಲಿದ್ದ ಹೆಂಡತಿ ಕೇಳಿದ್ದು ಒಂದೇ ಮಾತು: "ಹಂಗಾದ್ರ ರೊಟ್ಟಿ ಬಿಸಿ ಇದ್ದ ದಿನಾನೂ ಯಾಕ ಒದರತಿದ್ರಿ ಅಂತ ಈಗ ಗೊತ್ತಾತು." ತಿಂಗಳುಗಟ್ಟಲೆ ಆಕೆ ರೊಟ್ಟಿ ಸುಡುವ ಹೊತ್ತನ್ನೇ ಹಿಂದೆ ಮುಂದೆ ಮಾಡಿ ನೋಡಿದ್ದರು.

ಬರೆಯುವುದರಿಂದ ಮನಸ್ಸಿಗೆ ಉಪಯೋಗ ಇದೆ ಅನ್ನೋದು ನನ್ನ ಸ್ವಂತ ನಂಬಿಕೆಯಷ್ಟೇ ಅಲ್ಲ. ಅಮೆರಿಕದ ಮನಶ್ಶಾಸ್ತ್ರಜ್ಞ ಜೇಮ್ಸ್ ಪೆನ್ನೆಬೇಕರ್ ಮತ್ತು ಸ್ಯಾಂಡ್ರಾ ಬೀಲ್ 1986ರಲ್ಲಿ ಇದರ ಬಗ್ಗೆ ಒಂದು ಅಧ್ಯಯನ ಪ್ರಕಟಿಸಿದರು. ಕಾಲೇಜಿನ ಹುಡುಗ ಹುಡುಗಿಯರಿಗೆ ನಾಲ್ಕು ದಿನ, ದಿನಕ್ಕೆ 15 ನಿಮಿಷ, ತಮ್ಮನ್ನು ಬಹಳ ಕಾಡಿದ ಸಂಗತಿ ಬರೆಯಲು ಹೇಳಿದರು. ಬರೆದ ಕೂಡಲೇ ಅವರಿಗೆ ಬೇಜಾರೇ ಜಾಸ್ತಿಯಾಯಿತು. ತಿಂಗಳುಗಳು ಕಳೆದ ಮೇಲೆ ಆರೋಗ್ಯದಲ್ಲಿ ಸುಧಾರಣೆ ಕಂಡಿತು. ಹಾಗಾಗಿ ಮೊದಲ ರಾತ್ರಿ ಮನಸ್ಸು ಭಾರವಾದರೆ ಗಾಬರಿಯಾಗಬೇಡಿ.

ಫೋನಿನಲ್ಲಿ ಬರೆದರೆ ಆಗುತ್ತಾ?

ಆಗುತ್ತದೆ. ಆದರೆ ಬರೆದ ಕೂಡಲೇ ವಾಟ್ಸಾಪ್‌ನಲ್ಲಿ ಕಳಿಸಿಬಿಡುವ ಆಸೆ ಬರುತ್ತದೆ. ನೋಟ್‌ಬುಕ್ ಆದರೆ ಆ ತೊಂದರೆ ಇಲ್ಲ.

ನನಗೆ ಎಷ್ಟು ಯೋಚನೆ ಮಾಡಿದರೂ ನನ್ನ ತಪ್ಪು ಕಾಣೋದೇ ಇಲ್ಲ. ನಿಜವಾಗಲೂ ಇಲ್ಲದೇ ಇರಬಹುದಲ್ವಾ?

ಇರಬಹುದು. ಆದರೂ ಸ್ವಲ್ಪ ತಾಳಿ. ನಮ್ಮ ಎಲೆಯಲ್ಲಿ ಹೆಗ್ಗಣ ಸತ್ತು ಬಿದ್ದಿದ್ದರೂ ಪಕ್ಕದವರ ಎಲೆಯ ನೊಣ ಮೊದಲು ಕಾಣುತ್ತದೆ ಅಂತ ಹಿರಿಯರು ಸುಮ್ನೆ ಹೇಳಿಲ್ಲ.

1979ರಲ್ಲಿ ಮೈಕಲ್ ರಾಸ್ ಮತ್ತು ಫಿಯೋರ್ ಸಿಕೋಲಿ ಅನ್ನುವವರು ಒಂದು ಸಣ್ಣ ಕೆಲಸ ಮಾಡಿದರು. ಗಂಡನನ್ನೂ ಹೆಂಡತಿಯನ್ನೂ ಬೇರೆ ಬೇರೆ ಕೂರಿಸಿ, ಮನೆಯ ಒಂದೊಂದು ಕೆಲಸದಲ್ಲೂ ನಿಮ್ಮ ಪಾಲು ಎಷ್ಟು ಅಂತ ಕೇಳಿದರು. ಇಬ್ಬರ ಉತ್ತರ ಕೂಡಿಸಿದರೆ ಹೆಚ್ಚಿನ ಕೆಲಸಗಳಲ್ಲಿ ನೂರಕ್ಕೆ ನೂರು ದಾಟಿತು. ಯಾರೂ ಬೇಕಂತ ಸುಳ್ಳು ಹೇಳಿರಲಿಲ್ಲ. ನಾವು ಮಾಡಿದ್ದು ನಮ್ಮ ನೆನಪಿಗೆ ಬೇಗ ಬರುತ್ತದೆ, ಎದುರಿನವರು ಮಾಡಿದ್ದು ನಮ್ಮ ಕಣ್ಣೆದುರು ಆಗಿಯೇ ಇರುವುದಿಲ್ಲ, ಅಷ್ಟೇ.

ಇದನ್ನು ನಾನು ಬಂದವರಿಗೆ ಮಾಡಿಸುತ್ತೇನೆ. ಬೆಳಗ್ಗೆ ನೀರು ತುಂಬೋದು, ಹಾಲು ಕಾಯಿಸೋದು, ಮಕ್ಕಳ ಡಬ್ಬಿ, ಗ್ಯಾಸ್ ಬುಕ್ ಮಾಡೋದು, ಅತ್ತೆಯ ಬಿಪಿ ಗುಳಿಗೆ ಮುಗಿಯಿತಾ ಅಂತ ನೆನಪಿಡೋದು. ಕೊನೆಯದಕ್ಕೆ ಬಂದಾಗ ಬಹಳ ಗಂಡಸರು ಸುಮ್ಮನಾಗುತ್ತಾರೆ. ನೆನಪಿಡೋದೂ ಒಂದು ಕೆಲಸ ಅಂತ ಅವರಿಗೆ ಅಲ್ಲಿಯ ತನಕ ಹೊಳೆದಿರುವುದಿಲ್ಲ. ಇಡೀ ದೇಶದ ಲೆಕ್ಕವೂ ಹೀಗೇ ಇದೆ. ಕೇಂದ್ರ ಸರ್ಕಾರದ 2019ರ ಸಮಯ ಬಳಕೆ ಸಮೀಕ್ಷೆಯಲ್ಲಿ, ಸಂಬಳವಿಲ್ಲದ ಮನೆಗೆಲಸ ಮಾಡುವ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಕೊಡುತ್ತಿದ್ದರು, ಗಂಡಸರು 97 ನಿಮಿಷ. ಅದೂ ಆ ಕೆಲಸಕ್ಕೆ ಕೈ ಹಾಕುವ ಗಂಡಸರ ಲೆಕ್ಕ ಮಾತ್ರ. ಕೈಯೇ ಹಾಕದವರು ಅದರಲ್ಲಿ ಸೇರಿಲ್ಲ.

"ನನ್ನ ತಪ್ಪು ಏನೂ ಇಲ್ಲ" ಅನ್ನಿಸಿದಾಗ ಪ್ರಶ್ನೆ ತಿರುಗಿಸಿ. ಇವತ್ತು ಅವರು ಮಾಡಿದ್ದರಲ್ಲಿ ನಾನು ನೋಡದೇ ಹೋದದ್ದು ಯಾವುದು?

ಜಗಳ ನಡೆಯುವಾಗಲೇ ನನ್ನನ್ನು ನಾನು ನೋಡಿಕೊಳ್ಳಬಹುದಾ?

ಆಗುವುದಿಲ್ಲ. ಪ್ರಯತ್ನವೂ ಬೇಡ. ಎದೆ ಡವಡವ ಹೊಡೆದುಕೊಳ್ಳುವಾಗ ತಲೆ ಓಡುವುದಿಲ್ಲ. ದಂಪತಿಗಳ ಜಗಳವನ್ನು ದಶಕಗಳ ಕಾಲ ಅಭ್ಯಾಸ ಮಾಡಿದ ಜಾನ್ ಗಾಟ್‌ಮನ್ ಹೇಳುವ ಪ್ರಕಾರ, ಎದೆಬಡಿತ ನಿಮಿಷಕ್ಕೆ 100 ದಾಟಿದ ಮೇಲೆ ಎದುರಿನವರ ಮಾತು ಸರಿಯಾಗಿ ಕಿವಿಗೆ ಹೋಗುವುದಿಲ್ಲ, ಮೈ ತಣ್ಣಗಾಗಲು ಕಡಿಮೆ ಅಂದರೂ 20 ನಿಮಿಷ ಬೇಕು. ಆ ಹೊತ್ತಿನಲ್ಲಿ ಕೆಳಗಿಳಿದು ಒಂದು ಸುತ್ತು ಹಾಕಿ ಬನ್ನಿ. ಹೋಗುವ ಮುಂಚೆ ಬರುವ ಹೊತ್ತು ಹೇಳಿ ಹೋಗಿ. ಅದು ಬಹಳ ಮುಖ್ಯ. ಯಾಕೆ ಅಂತ ಮುಂದಿನ ಉತ್ತರದಲ್ಲಿದೆ.

ನಾನು ಜಗಳವೇ ಮಾಡೋದಿಲ್ಲ. ಮಾತು ಬಿಟ್ಟುಬಿಡ್ತೀನಿ. ಅದೇ ಒಳ್ಳೆಯದಲ್ವಾ?

ನಾನೂ ಹಾಗೇ ಅಂದುಕೊಂಡಿದ್ದೆ.

ಮದುವೆಯಾಗಿ ಆರನೇ ವರ್ಷ. ಗದಗದಲ್ಲಿ ನನ್ನ ತಂಗಿಯ ಕುಬಸ, ಅಂದರೆ ಸೀಮಂತ, ಇತ್ತು. ನಮ್ಮ ಮನೆಯವರು ಕೆಲಸ ಇದೆ ಅಂತ ಬರಲಿಲ್ಲ. ನಾನೊಬ್ಬಳೇ ಹೋಗಿ ಬಂದೆ, ಬಂದವಳೇ ಮಾತು ಬಿಟ್ಟೆ. ನಾಲ್ಕು ದಿನ. ಅಡಿಗೆಯಲ್ಲಿ ಏನೂ ಕಡಿಮೆ ಮಾಡಲಿಲ್ಲ. ಬೆಳಗ್ಗೆ ಚಹಾ ಮಾಡಿ ಕಟ್ಟೆಯ ಮೇಲೆ ಇಡುತ್ತಿದ್ದೆ, "ಚಾ ಇಟ್ಟೀನ್ರಿ" ಅಂತ ಕರೆಯುತ್ತಿರಲಿಲ್ಲ. ಅವರು ಸ್ನಾನ ಮುಗಿಸಿ ಬರುವ ಹೊತ್ತಿಗೆ ಮೇಲೆ ಕೆನೆ ಕಟ್ಟಿರುತ್ತಿತ್ತು. ಮೂರನೇ ದಿನ ಅವರು ಆ ಕೆನೆಯನ್ನು ಚಮಚದಿಂದ ಅಂಚಿಗೆ ಸರಿಸಿ, ಆರಿದ ಚಹಾ ನಿಂತೇ ಕುಡಿದು, ಕಪ್ಪು ತೊಳೆದು ಬೋರಲು ಹಾಕಿ ಹೋದರು. ನಾನು ಬಾಗಿಲ ಸಂದಿಯಿಂದ ನೋಡುತ್ತಿದ್ದೆ. ಗೆದ್ದೆ ಅನ್ನಿಸಿತು.

ಆ ಗೆದ್ದೆ ಅನ್ನಿಸಿದ್ದನ್ನು ಒಪ್ಪಿಕೊಳ್ಳಲು ನನಗೆ ವರ್ಷಗಳೇ ಬೇಕಾದವು. ಕೇಳಿದವರಿಗೆಲ್ಲ "ನೋವಾಗಿತ್ತು, ಸುಮ್ಮನಾದೆ" ಅಂತ ಹೇಳುತ್ತಿದ್ದೆ. ನೋವಾಗಿದ್ದು ನಿಜ. ಆದರೆ ನೋವಾದವಳು ಒಳಗೆ ಹೋಗಿ ಮಲಗುತ್ತಿದ್ದಳು, ಬಾಗಿಲ ಸಂದಿಯಲ್ಲಿ ಯಾಕೆ ನಿಲ್ಲುತ್ತಿದ್ದಳು? ಅವರಿಗೆ ಎಷ್ಟು ತಾಗಿತು ಅಂತ ನೋಡಲು ನಿಂತಿದ್ದೆ. ಮಾತಿನಿಂದ ಹೊಡೆಯುವವರಿಗೆ ತಮ್ಮ ಮಾತು ತಮಗೇ ಕೇಳಿಸುತ್ತದೆ. ಸುಮ್ಮನಿದ್ದು ಹೊಡೆಯುವವರಿಗೆ ಆ ಅನುಕೂಲ ಇಲ್ಲ. ಏನೂ ಮಾಡಲೇ ಇಲ್ಲವಲ್ಲ ಅಂತ ನಮಗೆ ನಾವೇ ಸಮಾಧಾನ ಮಾಡಿಕೊಳ್ಳುತ್ತೇವೆ.

ಎಲ್ಲ ಮೌನವೂ ಕೆಟ್ಟದ್ದಲ್ಲ. ನಾನು ಒಂದು ಗುರುತು ಇಟ್ಟುಕೊಂಡಿದ್ದೇನೆ. "ಈಗ ನನ್ನ ಕಡೆ ಮಾತಾಡಲು ಆಗೋದಿಲ್ಲ, ಊಟ ಆದ ಮೇಲೆ ಮಾತಾಡೋಣ" ಅಂತ ಹೇಳಿ ಸುಮ್ಮನಾದರೆ ಅದು ನನ್ನ ಮೈಮನಸ್ಸಿಗೆ ಬೇಕಾದ ಬಿಡುವು. ಯಾವಾಗ ಮುಗಿಯುತ್ತದೆ ಅಂತ ಹೇಳದೇ ಸುಮ್ಮನಾದರೆ ಅದು ಶಿಕ್ಷೆ. ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅನ್ನುವ ಗಾದೆ ಎಲ್ಲರ ಬಾಯಲ್ಲೂ ಇದೆ. ಮಾತು ಬಿಡುವ ಮನೆಗಳಲ್ಲಿ ಜಗಳವೂ ಅವರ ಜೊತೆ ಮಲಗಿ, ಅವರ ಜೊತೆ ಏಳುತ್ತದೆ.

ಮನೆ ತುಂಬ ಜನ ಇದ್ದಾರೆ. ಇಬ್ಬರೇ ಕೂತು ಮಾತಾಡಲು ಜಾಗ ಎಲ್ಲಿ?

ಇದು ದೊಡ್ಡ ಕಷ್ಟವೇ. ಅತ್ತೆ, ಮಾವ, ಮೈದುನ, ಮಕ್ಕಳು, ನಡುವೆ ಒಂದು ಟಿವಿ. ಹೊರಗೆ ಹೋಗಿ. ಧಾರವಾಡದವರಿಗೆ ಸಾಧನಕೇರಿ, ಕೆಲಗೇರಿ ಕೆರೆ, ಕರ್ನಾಟಕ ವಿಶ್ವವಿದ್ಯಾಲಯದ ಮರದ ಸಾಲು ಇವೆ. ಹುಬ್ಬಳ್ಳಿಯವರಿಗೆ ಉಣಕಲ್ ಕೆರೆ, ನೃಪತುಂಗ ಬೆಟ್ಟ. ಅಕ್ಕಪಕ್ಕ ನಡೆಯುತ್ತ ಮಾತಾಡಿದರೆ ಮುಖಕ್ಕೆ ಮುಖ ಕೊಟ್ಟು ಕೂತದ್ದಕ್ಕಿಂತ ಸುಲಭ ಆಗುತ್ತದೆ. ಬರೆಯಲು ಜಾಗ ಇಲ್ಲ ಅನ್ನುವವರಿಗೆ ಒಂದು ಮಾತು: ನನ್ನ ಬಳಿ ಬರುವ ಒಬ್ಬರು ಹುಬ್ಬಳ್ಳಿಯಿಂದ ಧಾರವಾಡಕ್ಕೆ ದಿನಾ ಚಿಗರಿ ಬಸ್ಸಿನಲ್ಲಿ ಓಡಾಡುತ್ತಾರೆ. ಸೀಟು ಸಿಕ್ಕ ದಿನ ನವಲೂರು ದಾಟುವುದರೊಳಗೆ ಅವರ ಮೂರು ಸಾಲು ಮುಗಿದಿರುತ್ತದೆ.

ದುಡ್ಡಿನ ವಿಷಯದಲ್ಲಿ ಸಣ್ಣಪುಟ್ಟ ಸುಳ್ಳು ಹೇಳಿದರೆ ಏನಾಗುತ್ತೆ? ಎಲ್ಲರೂ ಹೇಳ್ತಾರಲ್ವಾ?

ಹೇಳುತ್ತಾರೆ. ಸೀರೆಯ ರೇಟು ಐನೂರು ಕಡಿಮೆ ಹೇಳುವುದರಿಂದ ಹಿಡಿದು, ಹೆಂಡತಿಗೆ ಗೊತ್ತಿಲ್ಲದೇ ಗೆಳೆಯನ ಸಾಲಕ್ಕೆ ಜಾಮೀನು ನಿಲ್ಲುವ ತನಕ. ತವರಿಗೆ ಗುಟ್ಟಾಗಿ ಕಳಿಸಿದ ದುಡ್ಡು, ಮೊಬೈಲಿನ ಆ್ಯಪ್‌ನಲ್ಲಿ ತಗೊಂಡ ಸಾಲ, ಎತ್ತಿದ ಚೀಟಿ. ನನ್ನ ಅನುಭವದಲ್ಲಿ ಮದುವೆಯಾಚೆಗಿನ ಸಂಬಂಧಗಳಿಗಿಂತ ಜಾಸ್ತಿ ಸಂಸಾರಗಳನ್ನು ದುಡ್ಡಿನ ಗುಟ್ಟು ಮುರಿದಿದೆ.

ಇಲ್ಲಿ ನೋಡಿಕೊಳ್ಳಬೇಕಾದ್ದು ಮೊತ್ತವನ್ನಲ್ಲ. ನಾನು ಯಾಕೆ ಮುಚ್ಚಿಟ್ಟೆ? ಹೇಳಿದರೆ ಬೈಯುತ್ತಾರೆ ಅಂತಲಾ? ಹಾಗಾದರೆ ಈ ಮನೆಯಲ್ಲಿ ನನಗೆ ಹೆದರಿಕೆ ಇದೆ, ಅದೇ ಮೊದಲು ಮಾತಾಡಬೇಕಾದ ವಿಷಯ. ಹೇಳಿದರೆ ಬೇಡ ಅನ್ನುತ್ತಾರೆ ಅಂತಲಾ? ಹಾಗಾದರೆ ಇಬ್ಬರೂ ಸೇರಿ ಮಾಡಬೇಕಾದ ತೀರ್ಮಾನವನ್ನು ನಾನೊಬ್ಬನೇ ಮಾಡಿದೆ. ಎರಡೂ ಬೇರೆ ಬೇರೆ ಸಂಗತಿ. ನೋಟ್‌ಬುಕ್ಕಿನಲ್ಲಿ ಬೇರೆ ಬೇರೆಯಾಗಿಯೇ ಬರೆಯಿರಿ.

ಹಾಸಿಗೆಯ ವಿಷಯವೂ ಇದರಲ್ಲಿ ಬರುತ್ತಾ?

ಬರುತ್ತದೆ. ಹೆಚ್ಚಿನವರು ಇದನ್ನು ಎದ್ದು ಹೋಗುವಾಗ, ಬಾಗಿಲ ಹತ್ತಿರ ನಿಂತು ಕೇಳುತ್ತಾರೆ. ಕೇಳಿಕೊಳ್ಳಬೇಕಾದ್ದು ನೇರವಾಗಿದೆ. ನಿನ್ನೆ ಅವಳು ಹೂಂ ಅಂದಳಾ, ಅಥವಾ ಬೇಡ ಅನ್ನಲು ಆಗದೇ ಸುಮ್ಮನಿದ್ದಳಾ? ನಾನು ಬೇಡ ಅಂದದ್ದು ಸುಸ್ತಿಗಾ, ಅಥವಾ ಹಗಲು ಆದ ಜಗಳದ ಬಾಕಿ ತೀರಿಸಲಿಕ್ಕಾ? ಮದುವೆಯಾಗಿದೆ ಅನ್ನುವ ಕಾರಣಕ್ಕೆ ಪ್ರತಿ ಸಲ ಒಪ್ಪಿಗೆ ಇದ್ದೇ ಇರುತ್ತದೆ ಅಂತ ಅಂದುಕೊಳ್ಳುವುದು ತಪ್ಪು. ಕೌಟುಂಬಿಕ ದೌರ್ಜನ್ಯ ತಡೆಯುವ 2005ರ ಕಾಯ್ದೆಯಲ್ಲಿ ಲೈಂಗಿಕ ದೌರ್ಜನ್ಯವೂ ಸೇರಿದೆ, ಹೆಂಡತಿಯೂ ಅದರ ರಕ್ಷಣೆಯಲ್ಲಿದ್ದಾಳೆ.

ನನ್ನ ಬಗ್ಗೆ ನನಗೆ ಗೊತ್ತಾದದ್ದನ್ನೆಲ್ಲ ಅವರಿಗೆ ಹೇಳಿಬಿಡಬೇಕಾ?

ಎಲ್ಲ ಬೇಡ. ಮನಸ್ಸಿನಲ್ಲಿ ಬಂದು ಹೋದ ಯೋಚನೆಗಳನ್ನೆಲ್ಲ ತಂದು ಎದುರಿಗೆ ಸುರಿದರೆ, ನಮ್ಮ ಭಾರ ಇಳಿಯುತ್ತದೆ, ಅವರ ಭಾರ ಏರುತ್ತದೆ. ಆದರೆ ಅವರ ಬದುಕಿನ ತೀರ್ಮಾನ ಬದಲಿಸುವಂಥದ್ದನ್ನು ಮುಚ್ಚಿಡುವ ಹಕ್ಕು ನಮಗಿಲ್ಲ. ಸಾಲ, ಆರೋಗ್ಯ, ಇನ್ನೊಂದು ಸಂಬಂಧ, ಹೋದ ನೌಕರಿ. ಇವನ್ನು ಹೇಳಲೇಬೇಕು. ಹೇಳುವ ಹೊತ್ತು ನೋಡಿ ಹೇಳಿ. ಮಕ್ಕಳ ಪರೀಕ್ಷೆಯ ಹಿಂದಿನ ರಾತ್ರಿ ಬೇಡ. ಹಾಗಂತ ಒಳ್ಳೆಯ ಹೊತ್ತು ಬರಲಿ ಅಂತ ವರ್ಷ ಕಾಯುವುದೂ ಬೇಡ.

ತಪ್ಪಾಯ್ತು ಅಂತ ಹೇಗೆ ಹೇಳೋದು? ಬಾಯಿಗೇ ಬರೋದಿಲ್ಲ.

ನಮ್ಮ ಮನೆಗಳಲ್ಲಿ ಕ್ಷಮಿಸು ಅನ್ನುವ ಮಾತು ಯಾರ ಬಾಯಿಗೂ ಸುಲಭವಾಗಿ ಬರುವುದಿಲ್ಲ. ಸಾರಿ ಅನ್ನೋದು ಅತಿ ಸುಲಭವಾಗಿ ಬರುತ್ತದೆ. ನಮ್ಮ ಕಡೆಯ "ತಪ್ಪಾತು" ಒಳ್ಳೆಯ ಮಾತು. ಚಿಕ್ಕದು, ನೇರವಾದದ್ದು. ಅದರ ಹಿಂದೆಯೇ "ಆದ್ರ ನೀ..." ಅಂತ ಸೇರಿಸಿದರೆ ಹೇಳಿದ್ದೆಲ್ಲ ನೀರಿಗೆ ಹೋಯಿತು.

ಹುಬ್ಬಳ್ಳಿಯ ಒಬ್ಬ ಹೆಂಗಸು ನನ್ನ ಎದುರಿಗೇ ಗಂಡನಿಗೆ ಹೇಳಿದ ಮಾತು ಇನ್ನೂ ನೆನಪಿದೆ. "ಮೊನ್ನೆ ನಿಮ್ಮ ಗೆಳೆಯರ ಮುಂದ ನಿಮ್ಮ ಪಗಾರದ ಮಾತು ತಗದೆ. ನಿಮಗ ತಲಿ ತಗ್ಗಿಸೂ ಹಂಗಾತು. ಇನ್ನ ಮ್ಯಾಲೆ ಮಂದಿ ಮುಂದ ಆ ಮಾತು ತಗಿಯೂದಿಲ್ಲ." ಅಷ್ಟು ಹೇಳಿ ಸುಮ್ಮನಾದರು. ಏನು ಮಾಡಿದೆ, ಅದರಿಂದ ನಿಮಗೇನಾಯಿತು, ಮುಂದೆ ಏನು ಮಾಡುತ್ತೇನೆ, ಮೂರೂ ಬಂತು. ಗಂಡ ಬಹಳ ಹೊತ್ತು ಏನೂ ಹೇಳಲಿಲ್ಲ. ಆಕೆ ಆ ಹೊತ್ತನ್ನು ತಡೆದುಕೊಂಡು ಕೂತರು. ಕ್ಷಮೆ ಕೇಳಿದ ಮೇಲೆ ಕೂಡಲೇ ಸಿಗಬೇಕು ಅಂತ ಒತ್ತಾಯ ಮಾಡಬಾರದು.

ಯಾವಾಗಲೂ ನಾನೇ ಯಾಕೆ? ಅವರು ಒಂದು ದಿನವೂ ತಮ್ಮನ್ನು ತಾವು ನೋಡಿಕೊಳ್ಳೋದಿಲ್ಲ.

ಈ ಪ್ರಶ್ನೆ ಕೇಳುವವರ ನೋವು ನಿಜವಾದದ್ದು. ಹೆಚ್ಚಾಗಿ ಹೆಂಗಸರೇ ಕೇಳುತ್ತಾರೆ. ಹೊಂದಿಕೊಂಡು ಹೋಗು ಅಂತ ಚಿಕ್ಕಂದಿನಿಂದ ಕೇಳಿ ಬೆಳೆದವರಿಗೆ, ಮತ್ತೆ ನಿನ್ನನ್ನೇ ನೀನು ನೋಡಿಕೋ ಅಂತ ಹೇಳಿದರೆ ಹೇಗಿರುತ್ತದೆ?

ಅದಕ್ಕೇ ಹೇಳುತ್ತೇನೆ. ಇದರಲ್ಲಿ ನಿಮ್ಮ ತಪ್ಪಿನ ಜೊತೆ ನಿಮ್ಮ ಸಹನೆಯೂ ಬರುತ್ತದೆ. "ಬೇಡ ಅನ್ನಬೇಕಿತ್ತು, ಹೂಂ ಅಂದೆ" ಅನ್ನೋದನ್ನೂ ಬರೆಯಿರಿ. ಒಬ್ಬರು ಆರು ತಿಂಗಳು ಬರೆದು ಕೊನೆಗೆ ಕಂಡುಕೊಂಡದ್ದು ಇದನ್ನೇ: ನನ್ನ ತಪ್ಪು ಅಂತ ನಾನು ಎಣಿಸಿದ್ದರಲ್ಲಿ ಅರ್ಧ ನನ್ನದಾಗಿರಲಿಲ್ಲ. ಆಮೇಲೆ ಅವರು ಮನೆಯಲ್ಲಿ ಮಾತಾಡುವ ರೀತಿಯೇ ಬದಲಾಯಿತು. ನೀವು ನೋಡಿಕೊಂಡಿರಿ ಅಂದ ಮಾತ್ರಕ್ಕೆ ಅವರೂ ನೋಡಿಕೊಳ್ಳುತ್ತಾರೆ ಅಂತ ನಾನು ಭರವಸೆ ಕೊಡಲಾರೆ. ಕೆಲವರು ನೋಡಿಕೊಳ್ಳುತ್ತಾರೆ. ಕೆಲವರು ಕೊನೆಯ ತನಕ ನೋಡಿಕೊಳ್ಳುವುದಿಲ್ಲ.

ಹೊಡೆತ ಬಡಿತ ಇರುವ ಮನೆಯಲ್ಲೂ ಇದನ್ನು ಮಾಡಬೇಕಾ?

ಹೊಡೆತ ತಿನ್ನುವವರು ಮಾಡಬೇಡಿ. "ನಾನು ಏನು ಮಾಡಿದ್ದಕ್ಕೆ ಹೊಡೆದರು" ಅಂತ ಹುಡುಕುತ್ತ ಕೂರಬೇಡಿ. ಹೊಡೆದದ್ದು ಹೊಡೆದವರ ಕೆಲಸ. ಮೊದಲು ನಿಮ್ಮ ಜೀವ ಕಾಪಾಡಿಕೊಳ್ಳಿ. ಮಹಿಳಾ ಸಹಾಯವಾಣಿ 181, ತುರ್ತಿಗೆ 112. 2005ರ ಕಾಯ್ದೆಯಲ್ಲಿ ಹೊಡೆತದ ಜೊತೆ ಬೈಗುಳ, ಅವಮಾನ, ಖರ್ಚಿಗೆ ದುಡ್ಡು ಕೊಡದೇ ಸತಾಯಿಸುವುದೂ ದೌರ್ಜನ್ಯವೇ. ಮದುವೆಯಾಗದೇ ಗಂಡ-ಹೆಂಡತಿಯ ಹಾಗೆ ಒಟ್ಟಿಗಿರುವ ಹೆಂಗಸರಿಗೂ ಅದು ಅನ್ವಯಿಸುತ್ತದೆ. ವಕೀಲರ ಫೀಸಿಗೆ ಹೆದರಬೇಡಿ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಹೆಂಗಸರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಸಿಗುತ್ತದೆ.

ಹೊಡೆಯುವವರು ಇದನ್ನು ಓದುತ್ತಿದ್ದರೆ, ಅವರು ಬರೆಯಲೇಬೇಕು. "ಕೈ ಹೋಯಿತು" ಅಂತ ಬರೆಯಬೇಡಿ. ಕೈ ತಾನಾಗಿ ಹೋಗುವುದಿಲ್ಲ. "ಹೊಡೆದೆ" ಅಂತ ಬರೆಯಿರಿ.

ಬರೆಯುತ್ತ ಬರೆಯುತ್ತ ನನ್ನ ಮೇಲೇ ನನಗೆ ಅಸಹ್ಯ ಬರ್ತಿದೆ. ನಿದ್ದೆ ಇಲ್ಲ.

ಬರೆಯೋದನ್ನು ಇವತ್ತೇ ನಿಲ್ಲಿಸಿ. ಎರಡು ವಾರ ನಿದ್ದೆ ಊಟ ಸರಿ ಇಲ್ಲ, ಬದುಕೋದೇ ಬೇಡ ಅನ್ನಿಸುತ್ತಿದೆ ಅಂದರೆ ಇದು ನೋಟ್‌ಬುಕ್ಕಿನ ಕೆಲಸ ಅಲ್ಲ, ಡಾಕ್ಟರ ಕೆಲಸ. ಸಾಯುವ ಯೋಚನೆ ಬಂದರಂತೂ ಎರಡು ವಾರ ಕಾಯಲೇಬೇಡಿ. ಧಾರವಾಡದಲ್ಲೇ ಡಿಮ್ಹಾನ್ಸ್ ಇದೆ. ಮಾನಸಿಕ ಆರೋಗ್ಯದ ಸರ್ಕಾರಿ ಆಸ್ಪತ್ರೆ. ಸುತ್ತಲಿನ ಜಿಲ್ಲೆಗಳಿಂದಲೂ ಜನ ಬರುತ್ತಾರೆ, ನಾಚಿಕೆಯ ಮಾತೇ ಇಲ್ಲ. ನಡುರಾತ್ರಿ ತಡೆಯಲು ಆಗದಿದ್ದರೆ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ. 2022ರಲ್ಲಿ ಶುರುವಾದ ಉಚಿತ ಸೇವೆ, ದಿನದ ಯಾವ ಹೊತ್ತಿನಲ್ಲೂ ಕನ್ನಡದಲ್ಲೇ ಮಾತಾಡಬಹುದು.

ನೀವು ಈಗಲೂ ಬರೆಯುತ್ತೀರಾ?

ಬರೆಯುತ್ತೇನೆ. ದಿನಾ ಅಲ್ಲ, ವಾರಕ್ಕೆ ಮೂರು ನಾಲ್ಕು ಸಲ. ಶನಿವಾರ ಸಂಜೆ ಇಬ್ಬರೂ ಕೆಲಗೇರಿ ಕೆರೆ ಕಡೆ ಹೋದಾಗ ಅದರಲ್ಲಿ ಹೇಳಬೇಕಾದ್ದನ್ನು ಹೇಳುತ್ತೇನೆ. ಅವರು ಬರೆಯುವುದಿಲ್ಲ. ನಡೆಯುತ್ತ ನೆನಪು ಮಾಡಿಕೊಂಡು ಹೇಳುತ್ತಾರೆ.

ಈ ವಾರದ ಪುಟದಲ್ಲಿ ಇರುವುದು ಇದು. "ಬುಧವಾರ, ರಾತ್ರಿ ಒಂಬತ್ತೂವರೆ. ಅವರು ಆಫೀಸಿನ ಕಥೆ ಹೇಳುತ್ತಿದ್ದರು. ನಾನು ಹೂಂ ಹೂಂ ಅನ್ನುತ್ತ ಫೋನ್ ನೋಡಿದೆ. ಅವರು ನಡುವೆಯೇ ನಿಲ್ಲಿಸಿದರು. ನಿಲ್ಲಿಸಿದ್ದು ಗೊತ್ತಾಯಿತು, ಗೊತ್ತಾಗದವರ ಹಾಗೆ ಕೂತೆ." ಮೂರನೇ ಸಾಲು ಇನ್ನೂ ಬರೆದಿಲ್ಲ. ಶನಿವಾರಕ್ಕೆ ಎರಡು ದಿನ ಇದೆ.